ಕೆಟ್ಟ ಓಣಿಯ ಒಳ್ಳೆಯ ಹುಡುಗರು

ದಾವಣಗೆರೆಯ ಮಂಡಕ್ಕಿ ಭಟ್ಟಿಗಳ ಕಡೆ ಹೋದವರಿಗೆ ಗೊತ್ತು, ಅಲ್ಲಿ ಗೋಡೆಗಳೆಲ್ಲ ಹೊಗೆ ಹಿಡಿದು ಕಪ್ಪಾಗಿರುತ್ತವೆ. ಆಜಾದ್ ನಗರ, ಬಾಷಾ ನಗರ ಎಂದರೆ ಊರಿನ ಇನ್ನೊಂದು ದಿಕ್ಕಿನವರು ಇವತ್ತಿಗೂ "ಹುಷಾರು ಮಾರಾಯ್ರೆ" ಎನ್ನುವುದುಂಟು. ಎಲ್ಲೋ ಒಂದು ಸೈಕಲ್ ಕಳುವಾದರೆ ಮೊದಲು ವಿಚಾರಣೆ ನಡೆಯುವುದು ಇಂಥ ಮೊಹಲ್ಲಾಗಳಲ್ಲೇ. ಈ ಓಣಿಗಳ ಹುಡುಗರು ಏಕೆ ಕೆಡುತ್ತಾರೆ ಎಂದು ಭಾಷಣ ಮಾಡಿದವರು ಬಹಳ ಜನ. ಇಷ್ಟು ಬಡತನ, ಇಷ್ಟು ಹೊಗೆ, ಇಷ್ಟು ಇಕ್ಕಟ್ಟಿನ ನಡುವೆಯೂ ಹೆಚ್ಚಿನ ಹುಡುಗರು ಏಕೆ ಕೆಡುವುದಿಲ್ಲ ಎಂದು ಕೇಳಿದವರನ್ನು ನಾನು ಕಂಡಿಲ್ಲ.

ಹೀಗೆ ಕೇಳಿದ ಒಬ್ಬ ಪ್ರೊಫೆಸರ್ ಅಮೆರಿಕೆಯಲ್ಲಿದ್ದರು. ಅವರು ಭಾರತಕ್ಕೂ ಬಂದಿದ್ದರು. ಹೆಸರು ವಾಲ್ಟರ್ ರೆಕ್ಲೆಸ್. ಆ ಅಡ್ಡಹೆಸರಿಗೆ ಇಂಗ್ಲಿಷಿನಲ್ಲಿ 'ಬೇಪರ್ವಾ' ಎಂಬ ಅರ್ಥ. ಆಸಾಮಿ ಮಾತ್ರ ಅಂಥವರಾಗಿರಲಿಲ್ಲ.

1899ರಲ್ಲಿ ಫಿಲಡೆಲ್ಫಿಯಾದಲ್ಲಿ ಹುಟ್ಟಿದ ರೆಕ್ಲೆಸ್‌ರಿಗೆ ಪಿಟೀಲುವಾದಕರಾಗುವ ಆಸೆಯಿತ್ತು. ಕಾರು ಅಪಘಾತದಲ್ಲಿ ಕೈಗೆ ಪೆಟ್ಟಾಗಿ ಆ ಕನಸು ಮುರಿಯಿತು. ಷಿಕಾಗೊ ವಿಶ್ವವಿದ್ಯಾಲಯದಲ್ಲಿ ರಾಬರ್ಟ್ ಪಾರ್ಕ್ ಮತ್ತು ಅರ್ನೆಸ್ಟ್ ಬರ್ಜೆಸ್ ಅವರ ಶಿಷ್ಯರಾಗಿ ಅವರು ಸಮಾಜಶಾಸ್ತ್ರ ಓದಿದರು. ಪುಸ್ತಕ ಬಿಟ್ಟು ಬೀದಿಗಿಳಿಯಿರಿ ಎನ್ನುವ ಗುರುಗಳು ಅವರು. ಮದ್ಯ ನಿಷೇಧದ ಆ ದಿನಗಳಲ್ಲಿ ಗ್ಯಾಂಗುಗಳ ಕೈಯಲ್ಲಿದ್ದ ರಸ್ತೆಬದಿಯ ಮದ್ಯದ ಅಡ್ಡೆಯಲ್ಲಿ ಶಿಷ್ಯರು ಪಿಟೀಲು ನುಡಿಸುತ್ತಲೇ ಅಲ್ಲಿನ ಜನರನ್ನು ಗಮನಿಸಿದರು. ದೊಡ್ಡ ವೇದಿಕೆಗೆ ಏರದ ಪಿಟೀಲು ಸಂಶೋಧನೆಗೆ ಒದಗಿತು. ಷಿಕಾಗೊದ ವೇಶ್ಯಾವಾಟಿಕೆ ಕುರಿತ ಪ್ರಬಂಧಕ್ಕೆ 1925ರಲ್ಲಿ ಡಾಕ್ಟರೇಟ್ ಬಂತು. ಮುಂದೆ ವ್ಯಾಂಡರ್ಬಿಲ್ಟ್‌ನಲ್ಲೂ 1940ರಿಂದ ಓಹಾಯೋ ರಾಜ್ಯ ವಿಶ್ವವಿದ್ಯಾಲಯದಲ್ಲೂ ಪಾಠ ಹೇಳಿದರು. ಅಪರಾಧಶಾಸ್ತ್ರಕ್ಕೆ ವಿಶ್ವವಿದ್ಯಾಲಯಗಳಲ್ಲಿ ಸರಿಯಾದ ಕುರ್ಚಿಯೇ ಇಲ್ಲದ ಕಾಲದಲ್ಲಿ ಅದನ್ನೊಂದು ಕಲಿಕೆಯ ವಿಷಯವಾಗಿ ನೆಲೆಗೊಳಿಸಿದವರಲ್ಲಿ ಅವರೂ ಒಬ್ಬರು. ತೀರಿಕೊಂಡದ್ದು 1988ರಲ್ಲಿ.

ವಿಶ್ವಸಂಸ್ಥೆಯ ತಜ್ಞರಾಗಿ ಅವರು ಭಾರತಕ್ಕೆ ಬಂದದ್ದು 1951-52ರ ಸುಮಾರಿಗೆ. ನಮ್ಮ ಜೈಲುಗಳು ಆಗ 1894ರ ಕಾನೂನಿನ ಮೇಲೆ ನಡೆಯುತ್ತಿದ್ದವು. ಅವರು ಜೈಲು ಆಡಳಿತದ ಬಗ್ಗೆ ವರದಿ ಕೊಟ್ಟರು, ಬೊಂಬಾಯಿಯ ಟಾಟಾ ಸಮಾಜ ವಿಜ್ಞಾನ ಸಂಸ್ಥೆಯಲ್ಲಿ ಜೈಲು ಅಧಿಕಾರಿಗಳ ತರಬೇತಿಗೆ ಕೈಜೋಡಿಸಿದರು. ಎಳೆಯ ಹುಡುಗರಿಗೆ ಜೈಲಿನಲ್ಲಿ ಜಾಗವಿರಬಾರದು, ಸಿಬ್ಬಂದಿಗೆ ತರಬೇತಿ ಬೇಕು, ಹಳೆಯ ಜೈಲು ಕೈಪಿಡಿಗಳನ್ನು ತಿದ್ದಬೇಕು ಎಂಬುದು ಅವರ ಸಲಹೆಗಳ ತಿರುಳು. 1957ರಲ್ಲಿ ಸರಕಾರ ಸಮಿತಿ ರಚಿಸಿತು, 1960ರಲ್ಲಿ ಮಾದರಿ ಕೈಪಿಡಿ ಬಂತು.

ಅವರು ಬಂದ ಕಾಲ ಇನ್ನೊಂದು ಕಾರಣಕ್ಕೆ ಮುಖ್ಯ. 1871ರಲ್ಲಿ ಬ್ರಿಟಿಷರು ತಂದ ಅಪರಾಧಿ ಬುಡಕಟ್ಟುಗಳ ಕಾಯಿದೆ ಕೊನೆಯುಸಿರೆಳೆದದ್ದು 1952ರ ಆಗಸ್ಟ್ 31ರಂದು. ಕೆಲವು ಜಾತಿಗಳಲ್ಲಿ ಹುಟ್ಟಿದವರೆಲ್ಲ ಹುಟ್ಟಿನಿಂದಲೇ ಕಳ್ಳರು ಎಂಬುದು ಆ ಕಾನೂನಿನ ನಂಬಿಕೆ. ಇಟಲಿಯಲ್ಲಿ ಲೊಂಬ್ರೋಸೊ ಎಂಬ ವೈದ್ಯರು ತಲೆಬುರುಡೆ ಅಳೆದು 'ಹುಟ್ಟು ಅಪರಾಧಿ'ಯನ್ನು ಹುಡುಕುತ್ತಿದ್ದದ್ದೂ ಅದೇ ದಶಕದಲ್ಲಿ. ನಮ್ಮಲ್ಲಿ ಬುರುಡೆ ಅಳೆಯುವ ತೊಂದರೆಯೂ ಬೇಕಾಗಲಿಲ್ಲ, ಜಾತಿಯ ಹೆಸರೇ ಸಾಕಾಯಿತು.

ಹರಿಹರದಲ್ಲಿ ತುಂಗಭದ್ರೆ ದಾಟಿದರೆ ಆಗ ಬೊಂಬಾಯಿ ಪ್ರಾಂತ್ಯ. ಅದೇ ರೈಲು ಹಾದಿಯಲ್ಲಿ ಮುಂದೆ ಹೋದರೆ ಹುಬ್ಬಳ್ಳಿ. ಸ್ಟಾರ್ಟ್ ಎಂಬ ಐಸಿಎಸ್ ಅಧಿಕಾರಿಯ ಉಸ್ತುವಾರಿಯಲ್ಲಿ ವಿಜಾಪುರ, ಹುಬ್ಬಳ್ಳಿ, ಗದಗಗಳಲ್ಲಿ ಸೆಟ್ಲಮೆಂಟುಗಳು ಎದ್ದವು. ಗಂಟಿಚೋರ, ಕೊರಚ, ಹರಣಶಿಕಾರಿ ಕುಟುಂಬಗಳನ್ನು ತಂದು ಬೇಲಿಯೊಳಗೆ ಕೂಡಿಸಲಾಯಿತು. ಹಾಜರಿ ಕೊಡಬೇಕು, ಹೊರಗೆ ಹೋಗಲು ಪಾಸು ಬೇಕು, ದುಡಿಮೆಗೆ ಗಿರಣಿ, ಕಾರ್ಖಾನೆ. ಮಕ್ಕಳನ್ನು ತಾಯಿ ತಂದೆಯಿಂದ ಬೇರ್ಪಡಿಸುವುದಕ್ಕೂ ಕಾನೂನಿನಲ್ಲಿ ಅವಕಾಶವಿತ್ತು. ಸ್ಟಾರ್ಟ್ ಕ್ರೂರಿಯಾಗಿದ್ದರೆಂದು ನಾನು ಹೇಳಲಾರೆ, ಶಾಲೆ ಕೆಲಸ ಕೊಟ್ಟು ಸುಧಾರಿಸುತ್ತಿದ್ದೇವೆ ಎಂಬುದು ಅವರ ನಂಬಿಕೆ. ಆದರೆ ಕಳವು ಮಾಡದವನನ್ನು ಕಳವಿನಿಂದ ಸುಧಾರಿಸುವುದು ಹೇಗೆ? ಹುಬ್ಬಳ್ಳಿ, ಬೆಟಗೇರಿಗಳಲ್ಲಿ ಸೆಟ್ಲಮೆಂಟ್ ಎಂಬ ಬಡಾವಣೆಯ ಹೆಸರು ಉಳಿದೇ ಇದೆ.

ಓಹಾಯೋಗೆ ಮರಳಿದ ರೆಕ್ಲೆಸ್ ತಮ್ಮ ದೊಡ್ಡ ಪ್ರಶ್ನೆಗೆ ಕೈ ಹಾಕಿದರು. ಕೊಲಂಬಸ್ ನಗರದಲ್ಲಿ ಬಾಲಾಪರಾಧ ಹೆಚ್ಚಿದ್ದ ಬಡಾವಣೆಗಳ ಶಾಲೆಗಳಿಗೆ ಸೈಮನ್ ಡಿನಿಟ್ಸ್ ಮತ್ತು ಎಲೆನ್ ಮರ್ರೆ ಅವರೊಂದಿಗೆ ಹೋಗಿ, ನಿಮ್ಮ ತರಗತಿಯಲ್ಲಿ ಎಂದೂ ಪೊಲೀಸರ ಕೈಗೆ ಸಿಗಲಾರರು ಎನಿಸುವ ಹುಡುಗರು ಯಾರು ಎಂದು ಆರನೆಯ ತರಗತಿಯ ಮಾಸ್ತರುಗಳನ್ನು ಕೇಳಿದರು. 1956ರ ಪ್ರಬಂಧಕ್ಕೆ ಸಿಕ್ಕವರು 125 ಹುಡುಗರು. ನಾಲ್ಕು ವರ್ಷದ ನಂತರ ಅವರಲ್ಲಿ 103 ಮಂದಿಯನ್ನು ಹುಡುಕಿದರೆ, ತೊಂದರೆಗೆ ಸಿಕ್ಕಿದ್ದವರು ನಾಲ್ವರು ಮಾತ್ರ, ಅದೂ ಒಂದೊಂದು ಸಲ. ಈ ಹುಡುಗರಿಗೆ ತಮ್ಮ ಬಗ್ಗೆ ಒಳ್ಳೆಯ ಭಾವನೆಯಿತ್ತು, ಮನೆಯವರು ತಮ್ಮನ್ನು ನಂಬುತ್ತಾರೆ ಎಂಬ ಧೈರ್ಯವಿತ್ತು. ಇದರಿಂದಲೇ 1961ರ ಸುಮಾರಿಗೆ ಅವರ ಸಿದ್ಧಾಂತ ರೂಪುಗೊಂಡಿತು. ಮನುಷ್ಯನಿಗೆ ಎರಡು ತಡೆಗಳು: ಮನೆ, ಶಾಲೆ, ನೆರೆಹೊರೆಯ ಹೊರಗಿನ ತಡೆ ಒಂದು, ಅವನೊಳಗಿನದು ಇನ್ನೊಂದು. ನಮ್ಮ ಅಜ್ಜಿಯರ ಬಾಯಲ್ಲಿ ಮೊದಲನೆಯದು ಲಿಹಾಜು, ಎರಡನೆಯದು ಗೈರತ್ತು.

ಈ ಅಧ್ಯಯನಕ್ಕೆ ಟೀಕೆ ಬಾರದೆ ಇರಲಿಲ್ಲ. ಆಯ್ದ ಹುಡುಗರೆಲ್ಲ ಬಿಳಿಯರು. ಒಳ್ಳೆಯವನಾದ್ದರಿಂದ ತನ್ನ ಬಗ್ಗೆ ಒಳ್ಳೆಯ ಭಾವನೆಯೋ, ಆ ಭಾವನೆಯಿಂದ ಒಳ್ಳೆಯವನಾದನೋ ಎಂಬುದು ಬಿಡಿಸಲಾಗದ ಗಂಟು. ನನಗೆ ಕಾಡುವುದು ಬೇರೆ: ಒಳ್ಳೆಯವನೆಂದು ಬೆರಳು ಮಾಡಿದ್ದು ಮಾಸ್ತರು. ಅದೇ ಬೆರಳು ಕೆಟ್ಟವನೆಂದು ಇನ್ನೊಬ್ಬನತ್ತಲೂ ತಿರುಗಬಹುದು. ರೌಡಿ ಪಟ್ಟಿ, ಹಳೆಯ ಬುಡಕಟ್ಟುಗಳ ಪಟ್ಟಿ ಎರಡೂ ಬೆರಳಿನ ಕೆಲಸವೇ.

ಕಾಯಿದೆ ಹೋದ ಜಾಗಕ್ಕೆ ರೂಢಿಗತ ಅಪರಾಧಿಗಳ ಕಾಯಿದೆಗಳು ಬಂದವು. ನಮ್ಮ ರಾಜ್ಯದ್ದು 1961ರದು. ಜೈಲು ಕೈಪಿಡಿಗಳಲ್ಲಿ ಜಾತಿ ನೋಡಿ ಕೆಲಸ ಹಂಚುವುದು, ವಿಮುಕ್ತ ಬುಡಕಟ್ಟಿನವರನ್ನು ರೂಢಿಗತ ಅಪರಾಧಿಗಳೆಂದು ಕಾಣುವುದು ಸಂವಿಧಾನಕ್ಕೆ ವಿರುದ್ಧವೆಂದು ಸುಪ್ರೀಂ ಕೋರ್ಟು ಹೇಳಿದ್ದು 2024ರ ಅಕ್ಟೋಬರ್ 3ರಂದು, ಪತ್ರಕರ್ತೆ ಸುಕನ್ಯಾ ಶಾಂತಾ ಅವರ ಅರ್ಜಿಯ ಮೇಲೆ. ರೆಕ್ಲೆಸ್ ಕೈಪಿಡಿ ತಿದ್ದಿ ಎಂದದ್ದಕ್ಕೆ ಆಗ ಎಪ್ಪತ್ತು ವರ್ಷ ದಾಟಿತ್ತು. ನಮ್ಮದೂ ಒಂದು ಲೆಕ್ಕವಿದೆ. 2011ರ ಜನಗಣತಿಯಲ್ಲಿ ಮುಸ್ಲಿಮರು ಶೇ. 14.2. 2015ರ ಜೈಲು ಅಂಕಿಅಂಶದಲ್ಲಿ ಶಿಕ್ಷೆಯಾದವರಲ್ಲಿ ಶೇ. 15.8, ವಿಚಾರಣೆ ಮುಗಿಯದೆ ಕೊಳೆಯುತ್ತಿರುವವರಲ್ಲಿ ಶೇ. 20.9. ಈ ಕೊನೆಯ ಎರಡು ಅಂಕಿಗಳ ನಡುವಿನ ಅಂತರವನ್ನು ಓದುಗರು ತಾವೇ ನೋಡಲಿ.

ಹರಿಹರದಲ್ಲಿ ನನಗೆ ಗೊತ್ತಿದ್ದ ಒಬ್ಬ ಕನ್ನಡ ಮಾಸ್ತರು ಭಟ್ಟಿಯಲ್ಲಿ ದುಡಿದು ಶಾಲೆಗೆ ಬರುತ್ತಿದ್ದ ಹುಡುಗನೊಬ್ಬನ ಕೈಗೇ ಪ್ರತಿ ತಿಂಗಳು ತರಗತಿಯ ಶುಲ್ಕದ ಹಣ ಕೊಟ್ಟು ಪೋಸ್ಟಾಫೀಸಿಗೆ ಕಳಿಸುತ್ತಿದ್ದರು. ಉಳಿದ ಮಾಸ್ತರುಗಳು, "ಅವನ ಕೈಗಾ ಸರ್?" ಎಂದರೆ ಅವರು ಕನ್ನಡಕ ಸರಿಮಾಡಿಕೊಂಡು, "ಹೂಂ, ಅವನ ಕೈಗೇ" ಎನ್ನುತ್ತಿದ್ದರಂತೆ. ಆ ಹುಡುಗ ಈಗ ಲೇತ್ ಅಂಗಡಿ ಇಟ್ಟಿದ್ದಾನೆ. ಮಾತಿನ ನಡುವೆ ಒಮ್ಮೆ, ರಸೀದಿ ತಂದುಕೊಟ್ಟಾಗ ಮಾಸ್ತರು ಎಂದೂ ಲೆಕ್ಕ ನೋಡುತ್ತಿರಲಿಲ್ಲ, ಅದಕ್ಕೇ ದಾರಿಯುದ್ದಕ್ಕೂ ತಾನೇ ಮೂರು ಸಲ ಎಣಿಸುತ್ತಿದ್ದೆ ಎಂದ.