ಉಲ್ಹಾಸ ನದಿಯ ದಡದ ಪ್ರೌಢಶಾಲೆಗಳು

ಮುಂಬಯಿ ಸಮೀಪದ ಕಲ್ಯಾಣದಿಂದ ಕರ್ಜತದ ಕಡೆಗೆ ಸಾಗುವ ರೈಲಿನಲ್ಲಿ ವಿಠ್ಠಲವಾಡಿಯನ್ನು ದಾಟಿದರೆ ಉಲ್ಹಾಸನಗರ. ಅದನ್ನೂ ದಾಟಿದರೆ ಅಂಬರನಾಥ. ಅಂಬರನಾಥದಲ್ಲಿ ಶಕವರ್ಷ 982ರ, ಎಂದರೆ ಕ್ರಿ.ಶ. 1060ರ ಶಾಸನವುಳ್ಳ ಶಿವಾಲಯವಿದೆ. ಅದನ್ನು ನಿರ್ಮಿಸಿದ ಶಿಲಾಹಾರರ ಪೂರ್ವಿಕರು ನಮ್ಮ ಅಮೋಘವರ್ಷ ನೃಪತುಂಗನ ಸಾಮಂತರಾಗಿದ್ದರೆಂಬುದಕ್ಕೆ ಕಾನ್ಹೇರಿಯ ಗುಹಾಶಾಸನಗಳು ಸಾಕ್ಷಿ. ಇಂತಹ ಪುರಾತನ ಕ್ಷೇತ್ರದ ಮಗ್ಗುಲಲ್ಲಿಯೇ ಇದ್ದರೂ ಉಲ್ಹಾಸನಗರವು ನಗರವೆಂಬ ರೂಪದಲ್ಲಿ ಅತ್ಯಂತ ಅರ್ವಾಚೀನವಾದುದು. ಅದರ ಮೊದಲ ಸ್ಮಾರಕಗಳೆಂದರೆ ಎರಡನೆಯ ಮಹಾಯುದ್ಧ ಮುಗಿದಾಗ ಸೈನಿಕರು ತೊರೆದುಹೋದ ಬ್ಯಾರಕ್ಕುಗಳು. ಎರಡನೆಯವು, ಆ ಬ್ಯಾರಕ್ಕುಗಳಲ್ಲಿ ದೇಶವಿಭಜನೆಯ ಸಿಂಧಿ ನಿರಾಶ್ರಿತರು ಹೂಡಿದ ಶಾಲೆಗಳು. ಈ ಶಾಲೆಗಳ ಚರಿತ್ರೆಯನ್ನು ಕನ್ನಡಿಗರು ಏಕೆ ಅರಿಯಬೇಕೆಂದರೆ, ಹುಟ್ಟಿದ ನೆಲವನ್ನು ಬಿಟ್ಟುಬಂದ ಜನರ ನುಡಿ ಉಳಿಯುವುದೋ ಅಳಿಯುವುದೋ ಎಂಬುದು ಪ್ರಾಥಮಿಕ ಶಾಲೆಯ ಅಕ್ಷರಾಭ್ಯಾಸದಲ್ಲಿ ತೀರ್ಮಾನವಾಗದೆ ಪ್ರೌಢಶಾಲೆಯ ಹೊಸ್ತಿಲಲ್ಲಿ ತೀರ್ಮಾನವಾಗುವುದೆಂಬ ಸಂಗತಿ, ಅಲ್ಲಿಯ ಸಿಂಧಿಗಳ ಪಾಲಿಗೆ ಎಷ್ಟು ನಿಜವೋ ಅವರ ನೆರೆಯಲ್ಲಿ ನೆಲೆಸಿದ ನಮ್ಮವರ ಪಾಲಿಗೂ ಅಷ್ಟೇ ನಿಜ.

ಈ ಎರಡು ಜನಾಂಗಗಳ ವಿದ್ಯಾಸಂಬಂಧ ನೆರೆಹೊರೆಯಾದಂದು ಮೊದಲಾದುದಲ್ಲ. ಸಿಂಧ ಪ್ರಾಂತವು 1936ರ ಏಪ್ರಿಲ್ 1ರ ತನಕ ಮುಂಬಯಿ ಇಲಾಖೆಯ ಅಂಗವಾಗಿತ್ತು. ಧಾರವಾಡ, ಬೆಳಗಾವಿ, ವಿಜಾಪುರ, ಉತ್ತರ ಕನ್ನಡ ಜಿಲ್ಲೆಗಳೂ ಅದೇ ಇಲಾಖೆಗೆ ಸೇರಿದ್ದವು. 1857ರಲ್ಲಿ ಸ್ಥಾಪಿತವಾದ ಮುಂಬಯಿ ವಿಶ್ವವಿದ್ಯಾಲಯದ ಮೆಟ್ರಿಕ್ಯುಲೇಶನ್ ಪರೀಕ್ಷೆಗೆ ಕರಾಚಿಯ ಹುಡುಗನೂ ಕಾರವಾರದ ಹುಡುಗನೂ ಸಮಾನವಾಗಿ ತಲೆಬಾಗುತ್ತಿದ್ದರು. ಶಾಲೆಗಳಲ್ಲಿ ದೇಶಭಾಷೆಗೆ ಸ್ಥಾನ ದೊರೆತ ಬಗೆಯಲ್ಲಿಯೂ ಸಾದೃಶ್ಯವುಂಟು: ಸಿಂಧದಲ್ಲಿ ಬಾರ್ಟಲ್ ಫ್ರಿಯರನು ಕಮಿಶನರನಾಗಿದ್ದಾಗ, 1853ರಲ್ಲಿ, 52 ಅಕ್ಷರಗಳ ಅರಬ್ಬಿ ಮೂಲದ ಲಿಪಿಯು ಶಾಲೆ ಕಚೇರಿಗಳಿಗೆ ಗೊತ್ತಾಯಿತು, ಇತ್ತ ಮರಾಠಿ ಆವರಿಸಿಕೊಂಡಿದ್ದ ಧಾರವಾಡ ಸೀಮೆಯ ಶಾಲೆಗಳಲ್ಲಿ ಕನ್ನಡಕ್ಕೆ ಅದರ ಹಕ್ಕಿನ ಸ್ಥಾನವನ್ನು ದೊರಕಿಸಲು ಡೆಪ್ಯೂಟಿ ಚನ್ನಬಸಪ್ಪನವರು ದುಡಿದರು. ಒಂದೇ ವಿದ್ಯಾ ಇಲಾಖೆಯ ಎರಡು ತುದಿಗಳಲ್ಲಿ ಎರಡು ನುಡಿಗಳು ಹೀಗೆ ಶಾಲೆಯ ಮೂಲಕವೇ ಆಧುನಿಕ ಜೀವನವನ್ನು ಪ್ರವೇಶಿಸಿದವು.

ಎರಡನೆಯ ಮಹಾಯುದ್ಧದ ಕಾಲದಲ್ಲಿ ಕಲ್ಯಾಣದಿಂದ ಸುಮಾರು ಐದು ಕಿಲೋಮೀಟರು ದೂರದ ಬಯಲಿನಲ್ಲಿ ಸರಕಾರವು ಸೈನಿಕರ ತಂಗುದಾಣವೊಂದನ್ನು ನಿರ್ಮಿಸಿತು. ಎರಡು ಸಾವಿರಕ್ಕೂ ಮಿಕ್ಕಿದ ಬ್ಯಾರಕ್ಕುಗಳಿದ್ದ ಈ ಕಲ್ಯಾಣ ಕ್ಯಾಂಪು, ಯುದ್ಧಾನಂತರ ನಿರ್ಜನವಾಗಿ ಬಿದ್ದಿದ್ದು, ದೇಶವಿಭಜನೆಯಾದೊಡನೆ ಲಕ್ಷದಷ್ಟು ಸಿಂಧಿ ನಿರಾಶ್ರಿತರಿಗೆ ಆಶ್ರಯವಾಯಿತು. 1949ರ ಆಗಸ್ಟ್ 8ರಂದು ಗವರ್ನರ್ ಜನರಲ್ ಚಕ್ರವರ್ತಿ ರಾಜಗೋಪಾಲಾಚಾರಿಯವರು ಅದಕ್ಕೆ ಉಲ್ಹಾಸನಗರವೆಂದು ನಾಮಕರಣ ಮಾಡಿದರು. ಆದರೆ ಕ್ಯಾಂಪ್ ನಂಬರ್ ಒಂದು, ಕ್ಯಾಂಪ್ ನಂಬರ್ ಐದು ಎಂಬ ಆ ಸೈನಿಕ ಗಣನೆ ಇಂದಿಗೂ ಜನರ ಬಾಯಿಂದ ಮರೆಯಾಗಿಲ್ಲ.

ಮಧ್ಯದಲ್ಲಿ ಉದ್ದನೆಯ ಪಡಸಾಲೆ, ಎರಡು ತುದಿಗಳಲ್ಲಿ ಕೋಣೆಗಳು — ಬ್ಯಾರಕ್ಕಿನ ರಚನೆ ಇಷ್ಟೇ. ಆ ಪಡಸಾಲೆಯನ್ನು ಗೋಣಿತಟ್ಟುಗಳಿಂದಲೂ ಹಳೆಯ ಸೀರೆಗಳಿಂದಲೂ ವಿಭಾಗಿಸಿಕೊಂಡು ಹಲವು ಸಂಸಾರಗಳು ಬಾಳುತ್ತಿದ್ದ ಕಾಲದಲ್ಲಿ, ಓದುವ ಹುಡುಗನಿಗೆ ಏಕಾಂತವೆಂಬುದು ಮನೆಯಲ್ಲಿಯೂ ಇರಲಿಲ್ಲ, ಅಂತಹುದೇ ಇನ್ನೊಂದು ಬ್ಯಾರಕ್ಕಿನಲ್ಲಿ ನಡೆಯುತ್ತಿದ್ದ ಶಾಲೆಯಲ್ಲಿಯೂ ಇರಲಿಲ್ಲ. ಶಿಕ್ಷಕರೂ ನಿರಾಶ್ರಿತರೇ, ಸಿಂಧದ ಹೈದರಾಬಾದು, ಕರಾಚಿ, ಶಿಕಾರಪುರಗಳಲ್ಲಿ ತಮ್ಮ ಮನೆಗಳನ್ನೂ ಗ್ರಂಥಸಂಗ್ರಹಗಳನ್ನೂ ತೊರೆದು ಬಂದವರು. ಭಿಕ್ಷೆಗೆ ಕೈಯೊಡ್ಡದೆ ಹಪ್ಪಳ, ಪೆಪ್ಪರಮಿಂಟು, ಪೆನ್ಸಿಲುಗಳನ್ನು ಹೊತ್ತು ರೈಲುಡಬ್ಬಿಗಳಲ್ಲಿ ಮಾರುತ್ತ ಸಂಸಾರಕ್ಕೆ ನಾಲ್ಕು ಕಾಸು ಕೂಡಿಸುತ್ತಿದ್ದ ಬಾಲಕರೇ ಶಾಲೆಯ ಪಾಳಿಯ ಹೊತ್ತಿಗೆ ತರಗತಿಯಲ್ಲಿ ಕುಳಿತು ಗಣಿತ ವ್ಯಾಕರಣಗಳನ್ನು ಕಲಿಯುತ್ತಿದ್ದರೆಂಬುದನ್ನು ನೆನೆದಾಗ, ವಿದ್ಯೆಯು ಅನುಕೂಲವಂತರ ಅಲಂಕಾರವೆಂಬ ಭಾವನೆ ಎಷ್ಟು ಪೊಳ್ಳೆಂಬುದು ಮನವರಿಕೆಯಾಗುತ್ತದೆ. ಪ್ರೌಢಶಾಲೆಯ ಆಚೆಗಿನ ವಿದ್ಯೆಯ ಮಾತಿಗೆ ಬಂದರೆ, ಸಿಂಧದ ಹೈದರಾಬಾದಿನ ದಯಾರಾಮ ಗಿದುಮಲ್ ರಾಷ್ಟ್ರೀಯ ಕಾಲೇಜಿನ ಪ್ರಾಂಶುಪಾಲರಾಗಿದ್ದ ಕೆ. ಎಂ. ಕುಂದನಾನಿಯವರು 1949ರಲ್ಲಿ ಬಾಂದ್ರಾದಲ್ಲಿ ಕಾಲೇಜನ್ನು ಕಟ್ಟಿದರು. ಉಲ್ಹಾಸನಗರದ ತಲ್ರೇಜಾ ಕಾಲೇಜು 1961ರಲ್ಲಿ, ಚಾಂದೀಬಾಯಿ ಕಾಲೇಜು 1965ರಲ್ಲಿ ಆರಂಭವಾದವು. ಅದುವರೆಗೆ ಪ್ರೌಢಶಾಲೆ ಮುಗಿಸಿದ ತರುಣರು ಉನ್ನತ ವಿದ್ಯೆಗಾಗಿ ಊರಿನ ಹೊರಗೇ ಹೋಗಬೇಕಾಗಿತ್ತು.

ಸಿಂಧಿ ಮಾಧ್ಯಮದ ಶಾಲೆಗೆ ಒದಗಿದ ಕಷ್ಟ ಬಡತನವೊಂದೇ ಅಲ್ಲ. ಸಿಂಧವೇ ಕೈಬಿಟ್ಟುಹೋದ ಮೇಲೆ ಅರಬ್ಬಿ ಲಿಪಿ ಏಕೆಂದು ಕೆಲವರು, ಅದನ್ನು ಬಿಟ್ಟರೆ ಪೂರ್ವಿಕರ ಕಾವ್ಯಸಂಪತ್ತೇ ಮೂಕವಾಗುವುದೆಂದು ಕೆಲವರು. ಕೇಂದ್ರ ಸರಕಾರವು ಮೊದಲು ನಾಗರಿಯನ್ನು ಗೊತ್ತುಪಡಿಸಿ ಆಮೇಲೆ ಎರಡಕ್ಕೂ ಸಮ್ಮತಿಯಿತ್ತಿತು. 1967ರ ಏಪ್ರಿಲ್ 10ರಂದು ಸಿಂಧಿಯು ಸಂವಿಧಾನದ ಎಂಟನೆಯ ಅನುಸೂಚಿಯನ್ನು ಸೇರಿತಾದರೂ, ಅಷ್ಟರಲ್ಲಿ ವ್ಯಾಪಾರದಲ್ಲಿ ಏಳಿಗೆ ಹೊಂದುತ್ತಿದ್ದ ತಂದೆತಾಯಿಗಳು ಮಕ್ಕಳನ್ನು ಇಂಗ್ಲಿಷ್ ಶಾಲೆಗೆ ಕಳುಹಿಸತೊಡಗಿದ್ದರು.

ಇನ್ನು ನಮ್ಮವರ ವೃತ್ತಾಂತ. ಮುಂಬಯಿಗೆ ಬಂದ ಕನ್ನಡ ತುಳು ಹುಡುಗರಲ್ಲಿ ಬಹುಮಂದಿ ದಕ್ಷಿಣ ಕನ್ನಡದವರು. ಆ ಜಿಲ್ಲೆಯೋ ಆಗ ಮದರಾಸು ಪ್ರಾಂತಕ್ಕೆ ಸೇರಿತ್ತು. ಹಗಲೆಲ್ಲ ಹೋಟೆಲಿನಲ್ಲಿ ಮಾಣಿಯಾಗಿ, ಕ್ಲೀನರಾಗಿ ದುಡಿದು ದಣಿದ ಈ ಬಾಲಕರಿಗಾಗಿಯೇ ಮುಂಬಯಿಯ ಕೋಟೆ (ಫೋರ್ಟ್) ಪ್ರದೇಶದಲ್ಲಿ ರಾತ್ರಿಶಾಲೆಗಳು ಹುಟ್ಟಿದವು. 1902ರಲ್ಲಿ ಸ್ಥಾಪಿತವಾದ ಮೊಗವೀರ ವ್ಯವಸ್ಥಾಪಕ ಮಂಡಳಿ ನಡೆಸಿದ ಶಾಲೆ, ಬಿಲ್ಲವರ ಅಸೋಸಿಯೇಶನ್ನಿನ ಗುರುನಾರಾಯಣ ರಾತ್ರಿ ಪ್ರೌಢಶಾಲೆ, ಇವುಗಳ ಹೆಸರನ್ನು ಕೃತಜ್ಞತೆಯಿಂದ ಸ್ಮರಿಸುವ ಮನೆಗಳು ಇಂದಿಗೂ ಕರಾವಳಿಯಲ್ಲಿ ಇವೆ. ರಾತ್ರಿಯೂಟದ ಗಿರಾಕಿಗಳು ಹೋಟೆಲಿಗೆ ನುಗ್ಗುವ ಹೊತ್ತಿಗೇ ಶಾಲೆಯ ಗಂಟೆಯೂ ಬಾರಿಸುತ್ತಿದ್ದುದರಿಂದ, ಹುಡುಗನಿಗೆ ಓದುವ ಮನಸ್ಸೊಂದಿದ್ದರೆ ಸಾಲದು, ಬಿಟ್ಟುಕೊಡುವ ಮನಸ್ಸು ಧಣಿಗೂ ಇರಬೇಕಾಗಿತ್ತು. ಪಾಠ ಹೇಳುವವರಲ್ಲಿ ಅನೇಕರು ಹಗಲಿನಲ್ಲಿ ಬ್ಯಾಂಕು ಕಚೇರಿಗಳ ಗುಮಾಸ್ತರು. ತರಗತಿ ಬಿಟ್ಟ ಮೇಲೆ ಹೋಟೆಲಿನ ಬೆಂಚುಗಳನ್ನು ಕೂಡಿಸಿ ಮಲಗಿ, ನಸುಕಿನಲ್ಲಿ ಒಲೆ ಹೊತ್ತುವ ಮುನ್ನ ಎದ್ದು ಪಾಠ ಒಪ್ಪಿಸಿಕೊಂಡು, ಮೀಸೆ ಬಲಿತ ಮೇಲೆ ಪರೀಕ್ಷೆಗೆ ಕುಳಿತ ಆ ವಿದ್ಯಾರ್ಥಿಗಳಿಂದಲೇ ಮುಂದೆ ವಕೀಲರೂ ಬ್ಯಾಂಕಿನ ಅಧಿಕಾರಿಗಳೂ ಸಂಘಗಳ ಕಾರ್ಯಕರ್ತರೂ ಮೂಡಿಬಂದರು. ಮುಂಬಯಿ ಕನ್ನಡದ ಇತಿಹಾಸದಲ್ಲಿ ಇದಕ್ಕಿಂತ ಮಹತ್ತರವಾದ ಕಾರ್ಯ ಇನ್ನೊಂದಿಲ್ಲವೆಂಬುದು ನನ್ನ ದೃಢವಾದ ಅಭಿಪ್ರಾಯ.

1949ರಲ್ಲಿ ಮೆಟ್ರಿಕ್ಯುಲೇಶನ್ನಿನ ಸ್ಥಾನಕ್ಕೆ ಎಸ್.ಎಸ್.ಸಿ. ಬಂದಾಗ ಧಾರವಾಡದ ವಿದ್ಯಾರ್ಥಿಯೂ ಮುಂಬಯಿಯ ಕನ್ನಡ ವಿದ್ಯಾರ್ಥಿಯೂ ಒಂದೇ ಪರೀಕ್ಷಾ ಮಂಡಲಿಗೆ ಒಳಪಟ್ಟಿದ್ದರು. 1956ರ ನವೆಂಬರ್ 1ರಂದು ಏಕೀಕರಣದ ಹರ್ಷದಲ್ಲಿ ನಾವೆಲ್ಲರೂ ಮಗ್ನರಾಗಿದ್ದಾಗ, ಮುಂಬಯಿ, ಠಾಣೆ, ಕಲ್ಯಾಣಗಳ ಕನ್ನಡ ಮಕ್ಕಳು ಒಂದೇ ಇರುಳಿನಲ್ಲಿ ಅಲ್ಪಸಂಖ್ಯಾತರಾದುದನ್ನು ಗಮನಿಸಿದವರು ವಿರಳ. ಅದೇ ವರ್ಷ ಸಂವಿಧಾನಕ್ಕೆ ಸೇರಿದ 350ಎ ವಿಧಿಯು ಮಾತೃಭಾಷೆಯ ಶಿಕ್ಷಣಕ್ಕೆ ಸೌಕರ್ಯ ಒದಗಿಸಬೇಕೆಂದಿತು. ಆದರೆ ಅದು ಪ್ರಾಥಮಿಕ ಹಂತಕ್ಕೆ ಮಾತ್ರ ಪರಿಮಿತ. ಆದುದರಿಂದ ಮುಂಬಯಿ ನಗರಪಾಲಿಕೆಯ ಕನ್ನಡ ಶಾಲೆಯಲ್ಲಿ ಕಲಿತು ಹೊರಬಂದ ಮಗುವನ್ನು ಮುಂದಕ್ಕೆ ಕರೆದೊಯ್ಯುವ ಹೊಣೆ ಸಮಾಜದ ಸಂಘಸಂಸ್ಥೆಗಳ ಮೇಲೆಯೇ ಬಹುಮಟ್ಟಿಗೆ ಬಿದ್ದಿತು. ನಗರದಲ್ಲಿ ಬಾಡಿಗೆ ಏರಿ ಮಧ್ಯಮವರ್ಗದ ಕನ್ನಡಿಗರು ಡೊಂಬಿವಲಿ, ಕಲ್ಯಾಣ, ಠಾಣೆಗಳಿಗೆ ಸರಿದಾಗ ಆ ಹೊಣೆಯೂ ಅವರ ಬೆನ್ನಹಿಂದೆಯೇ ನಡೆದುಬಂದಿತು. ಡೊಂಬಿವಲಿಯ ಕರ್ನಾಟಕ ಸಂಘವು ಮಂಜುನಾಥ ವಿದ್ಯಾಲಯವನ್ನು ಕಟ್ಟಿದುದು ಈ ಪರಂಪರೆಯಲ್ಲಿಯೇ.

1967ರಲ್ಲಿ ಪುಣೆಯಲ್ಲಿ ಸ್ಥಾಪಿತವಾದ ಬಾಲಭಾರತಿ ಸಂಸ್ಥೆ ಮಹಾರಾಷ್ಟ್ರದ ಶಾಲೆಗಳಿಗಾಗಿ ಸಿಂಧಿಯಲ್ಲಿಯೂ ಕನ್ನಡದಲ್ಲಿಯೂ ಪಠ್ಯಪುಸ್ತಕಗಳನ್ನು ಮುದ್ರಿಸಿದೆ. ಓದುವ ಮಕ್ಕಳು ಮಾತ್ರ ಎರಡು ಕಡೆಯೂ ಕಡಿಮೆಯಾದರು. ಸಿಂಧಿಗೆ ತನ್ನದೆಂಬ ರಾಜ್ಯವಿಲ್ಲ, ಕನ್ನಡಕ್ಕೆ ಇದೆ. ಆದರೂ ಹೊರನಾಡಿನಲ್ಲಿ ಎರಡರ ಗತಿಯೂ ಒಂದೇ ಆದುದನ್ನು ನೋಡಿದರೆ, ಬೆನ್ನಿಗೊಂದು ರಾಜ್ಯವಿದ್ದ ಮಾತ್ರಕ್ಕೆ ನುಡಿ ಉಳಿಯದೆಂಬುದು ಸ್ಪಷ್ಟ. ಇದಕ್ಕೆ ತಂದೆತಾಯಿಗಳನ್ನು ದೂಷಿಸುವುದು ನ್ಯಾಯವಲ್ಲ. ಉದ್ಯೋಗದ ದಾರಿ ಇಂಗ್ಲಿಷಿನ ಮೂಲಕವೇ ಹಾಯುತ್ತಿರುವಾಗ ಅವರು ಮಕ್ಕಳ ಹಿತವನ್ನೇ ನೋಡಿದರು.

ಆದರೆ ನಡೆದುದನ್ನು ದಾಖಲೆಯಿಲ್ಲದೆ ಕಳೆದುಕೊಳ್ಳುವುದು ಅನಿವಾರ್ಯವಲ್ಲ. ಪ್ರತಿ ಶಾಲೆಯಲ್ಲಿಯೂ ಜನರಲ್ ರಿಜಿಸ್ಟರು ಇರುತ್ತದೆ. ಹುಡುಗನ ಹುಟ್ಟೂರು, ಮಾತೃಭಾಷೆ, ಶಾಲೆ ಸೇರಿದ ತಾರೀಖು, ಬಿಟ್ಟ ತಾರೀಖು ಮತ್ತು ಕಾರಣ ಅದರಲ್ಲಿ ಬರೆದಿರುತ್ತವೆ. ಬಾರಕೂರು, ಮೂಲ್ಕಿ, ಕುಂದಾಪುರಗಳಿಂದ ಬಂದು ರಾತ್ರಿ ಓದಿದ ತಲೆಮಾರಿನ ಚರಿತ್ರೆ ಇನ್ನೆಲ್ಲಿಯೂ ಇಷ್ಟು ಸತ್ಯವಾಗಿ ದೊರೆಯಲಾರದು. ಮುಚ್ಚಿದ, ಮುಚ್ಚುತ್ತಿರುವ ಶಾಲೆಗಳ ಈ ಪುಸ್ತಕಗಳನ್ನು ಗೆದ್ದಲು ಮುಟ್ಟುವ ಮೊದಲು ಪ್ರತಿಮಾಡಿಸಿ ರಕ್ಷಿಸುವ ಕಾರ್ಯವನ್ನು ಮುಂಬಯಿ, ಠಾಣೆ, ಡೊಂಬಿವಲಿಗಳ ಕನ್ನಡ ಸಂಘಗಳು ಕೈಗೊಳ್ಳಬೇಕು. ಆ ಶಾಲೆಗಳಲ್ಲಿ ಓದಿ ಇಂದು ವೃದ್ಧರಾಗಿರುವವರು ತಮ್ಮ ನೆನಪುಗಳನ್ನು ಬರೆದುಕೊಟ್ಟು ಈ ಕಾರ್ಯಕ್ಕೆ ನೆರವಾಗಬೇಕು.