ಕಾಲದ ಬಾಗಿಲು ಕಲ್ಲಿನ ಮೇಲಿದೆ

ಗ್ರಹಗಳೆಲ್ಲ ಒಂದೇ ಸಾಲಿಗೆ ಬಂದಾಗ ಕಾಲದ ಬಾಗಿಲು ತೆರೆಯುತ್ತಂತೆ. ಒಳಗೆ ಕಾಲಿಟ್ಟವನು ಸಾವಿರ ವರ್ಷ ಹಿಂದಕ್ಕೆ ಹೋಗ್ತಾನಂತೆ. ಸಿನಿಮಾದಲ್ಲಿ ನೋಡಿರ್ತೀರಿ, ಕಥೆ ಚೆನ್ನಾಗಿದೆ. ಆದರೆ ಸೂರ್ಯ, ಚಂದ್ರ, ಭೂಮಿ ಒಂದೇ ಗೆರೆಗೆ ಬಂದು ನಮಗೆ ಹಿಂದಿನ ಕಾಲದ ದಾರಿ ತೆರೆದುಕೊಟ್ಟದ್ದು ಕಥೆಯಲ್ಲ ಸ್ವಾಮಿ, ಇತಿಹಾಸ.

ಭೀಮಾ ನದಿಯ ದಂಡೆಯಲ್ಲಿ ದೇವಣಗಾಂವ ಇದೆ. ಇಂಥ ಹೊಳೆಸಾಲಿನ ಊರುಗಳಲ್ಲಿ ಗ್ರಹಣ ಬಿಟ್ಟ ಮೇಲೆ ಜನ ನೀರಿಗಿಳಿದು ಮುಳುಗು ಹಾಕ್ತಾರೆ, ಕೈಲಾದ ದಾನ ಕೊಡ್ತಾರೆ. ಹಿಂದಿನ ರಾಜರು, ಸಾಮಂತರು ಮಾಡಿದ್ದೂ ಇದನ್ನೇ. ಆದರೆ ಅವರ ದಾನ ದೊಡ್ಡದು. ಗುಡಿಗೆ ಭೂಮಿ, ದೀಪದ ಎಣ್ಣೆಗೆ ಗಾಣ, ಕೆಲವೊಮ್ಮೆ ಇಡೀ ಊರು. ಅದನ್ನು ಕಲ್ಲಿನಲ್ಲಿ ಕೆತ್ತಿಸುವಾಗ ಶಕವರ್ಷ, ಸಂವತ್ಸರ, ಮಾಸ, ತಿಥಿ, ವಾರ ಬರೆಸಿದರು. ಗ್ರಹಣದ ದಿನ ಕೊಟ್ಟಿದ್ದರೆ ಅದನ್ನೂ ಬರೆಸಿದರು. ಅವರಿಗೆ ಬೇಕಿದ್ದದ್ದು ಪುಣ್ಯ. ನಮಗೆ ಸಿಕ್ಕಿದ್ದು ತಾರೀಖು.

ಹೇಗೆ ಅಂತೀರಾ? ಸಂವತ್ಸರದ ಹೆಸರು 60 ವರ್ಷಕ್ಕೊಮ್ಮೆ ತಿರುಗಿ ಬರುತ್ತೆ. ಚಾಲುಕ್ಯರಲ್ಲಿ ವಿಕ್ರಮಾದಿತ್ಯ ಹೆಸರಿನವರೇ ಆರು ಜನ. ಬರೀ ಹೆಸರು ಹಿಡಿದು ಹೊರಟರೆ ಶತಮಾನವೇ ತಪ್ಪಬಹುದು. ಗ್ರಹಣ ಹಾಗಲ್ಲ. ಚಂದ್ರನ ದಾರಿ ಸುಮಾರು 5 ಡಿಗ್ರಿ ವಾಲಿರೋದರಿಂದ ಪ್ರತಿ ಅಮಾವಾಸ್ಯೆಗೂ ಸೂರ್ಯಗ್ರಹಣ ಆಗೋದಿಲ್ಲ. ಯಾವ ಅಮಾವಾಸ್ಯೆಗೆ ಆಗಿತ್ತು ಅನ್ನೋದನ್ನು ಸಾವಿರಾರು ವರ್ಷ ಹಿಂದಕ್ಕೂ ಲೆಕ್ಕ ಹಾಕಬಹುದು. 1896ರಲ್ಲಿ ರಾಬರ್ಟ್ ಸೆವೆಲ್ ಮತ್ತು ಶಂಕರ ಬಾಲಕೃಷ್ಣ ದೀಕ್ಷಿತ್ ಭಾರತೀಯ ಪಂಚಾಂಗದ ಬಗ್ಗೆ ಪುಸ್ತಕವನ್ನೇ ತಂದರು. ಶಾಸನ ಓದುವವರ ಕೈಗೆ ಕೀಲಿಕೈ ಸಿಕ್ಕಿತು.

ಇಮ್ಮಡಿ ಪುಲಕೇಶಿಯನ್ನೇ ತೆಗೆದುಕೊಳ್ಳಿ. ಅವನ ಹೈದರಾಬಾದ್ ತಾಮ್ರಪಟ ಹೇಳೋದು: ಶಕ 534, ಆಳ್ವಿಕೆಯ 3ನೇ ವರ್ಷ, ಭಾದ್ರಪದ ಅಮಾವಾಸ್ಯೆ, ಸೂರ್ಯಗ್ರಹಣ. ಅಲ್ಲಿಂದ ಹಿಂದಕ್ಕೆ ಎಣಿಸಿದರೆ ಬಾದಾಮಿಯ ಆ ದೊರೆ ಪಟ್ಟಕ್ಕೆ ಬಂದದ್ದು ಕ್ರಿ.ಶ. 610ರ ಆಸುಪಾಸು.

ಇದೇ ಗ್ರಹಣ ಸುಳ್ಳನ್ನೂ ಹಿಡಿಯುತ್ತೆ. ಶಿವಮೊಗ್ಗ ಸೀಮೆಯ ಗೌಜ ಅಗ್ರಹಾರದ ತಾಮ್ರಪಟ ತನ್ನನ್ನು ಬರೆಸಿದವನು ಜನಮೇಜಯ ಅನ್ನುತ್ತೆ. ಹೌದು, ಅರ್ಜುನನ ಮರಿಮಗ, ಸರ್ಪಯಾಗದ ಜನಮೇಜಯ! ಅದರಲ್ಲಿದ್ದ ಸೂರ್ಯಗ್ರಹಣವನ್ನು ಇಂಗ್ಲೆಂಡಿನ ಖಗೋಳ ವಿಜ್ಞಾನಿ ಜಾರ್ಜ್ ಏರಿ ಲೆಕ್ಕ ಹಾಕಿದರು. ಬಂದ ದಿನ 1521ರ ಏಪ್ರಿಲ್ 7. ಮುಂದೆ ವಿದ್ವಾಂಸರು ಶತಮಾನದ ಬಗ್ಗೆ ವಾದ ಮಾಡಿದರು, ಆದರೆ ಅದನ್ನು ಮಹಾಭಾರತದ ಕಾಲಕ್ಕೆ ಒಯ್ಯುವ ಮಾತು ಮುಗಿದುಹೋಯಿತು.

ಹಿಂದಕ್ಕೆ ಓಡುವ ಲೆಕ್ಕ ಮುಂದಕ್ಕೂ ಓಡುತ್ತೆ. 1868ರ ಆಗಸ್ಟ್ 18ರ ಖಗ್ರಾಸ ಗ್ರಹಣ ಎಲ್ಲಿ ಕಾಣುತ್ತೆ ಅಂತ ಮೊದಲೇ ಗೊತ್ತಿತ್ತು. ಅದಕ್ಕೇ ಲೆಫ್ಟಿನೆಂಟ್ ಜಾನ್ ಹರ್ಷೆಲ್ ಜಮಖಂಡಿಯಲ್ಲಿ, ಕ್ಯಾಪ್ಟನ್ ಹೇಗ್ ಇದೇ ವಿಜಯಪುರದಲ್ಲಿ ಉಪಕರಣ ಹೂಡಿ ಕಾದಿದ್ದರು. ಅತ್ತ ಗುಂಟೂರಿನಲ್ಲಿ ಫ್ರಾನ್ಸಿನ ಜಾನ್ಸೆನ್ ಇದ್ದರು. ಆ ವರ್ಷದ ಸೂರ್ಯವೀಕ್ಷಣೆಗಳೇ ಹೀಲಿಯಂ ಅನ್ನೋ ಧಾತುವಿನ ಸುಳಿವು ಕೊಟ್ಟವು. ಭೂಮಿಯ ಮೇಲೆ ಅದು ಕೈಗೆ ಸಿಕ್ಕಿದ್ದು 1895ರಲ್ಲಿ.

ಈಗ ನನ್ನ ಪ್ರಶ್ನೆ. ಗ್ರಹಣ ಬಂತು ಅಂದರೆ ಯಾವ ರಾಶಿಗೆ ಏನು ಕಂಟಕ ಅಂತ ದಿನವಿಡೀ ಚರ್ಚೆ ಆಗುತ್ತೆ. ಗ್ರಹಣವನ್ನೇ ಸಾಕ್ಷಿ ಮಾಡಿಕೊಂಡು ನಿಂತ ಕಲ್ಲಿನ ಬಗ್ಗೆ ಐದು ನಿಮಿಷವಾದರೂ ಮಾತಾಡ್ತೀವಾ? ಇಂಡಿ, ಸಿಂದಗಿ, ಮುದ್ದೇಬಿಹಾಳ, ಬಸವನಬಾಗೇವಾಡಿ ಸೀಮೆ ಚಾಲುಕ್ಯರು, ಕಲಚುರಿಗಳು, ಸೇವುಣರು ಆಳಿದ ನೆಲ. ಇಲ್ಲಿ ಗುಡಿಯ ಜೀರ್ಣೋದ್ಧಾರ ಅಂದರೆ ಮೊದಲು ಬರೋದು ಟೈಲ್ಸ್, ಆಮೇಲೆ ಆಯಿಲ್ ಪೇಂಟ್. ಅಕ್ಷರದ ಕಲ್ಲಿಗೂ ಅದೇ ಬಣ್ಣ. ತಿಥಿ, ವಾರ ಇರುವ ಒಂದು ಸಾಲು ಅಳಿಸಿಹೋದರೆ ಯಾವ ಕಂಪ್ಯೂಟರಿಗೂ ಅದನ್ನು ತರೋಕೆ ಆಗಲ್ಲ. ಆಕಾಶದ ಲೆಕ್ಕ ಎಲ್ಲಿಗೂ ಹೋಗಲ್ಲ, ಹೋಗೋದು ನಮ್ಮ ಲೆಕ್ಕ. ನಿಮ್ಮೂರಲ್ಲಿ ಅಂಥ ಕಲ್ಲಿದ್ದರೆ ಬಣ್ಣದ ಡಬ್ಬಿ ದೂರ ಇಡಿ. ಒಂದು ಫೋಟೋ ತೆಗೆದು ಪುರಾತತ್ವ ಇಲಾಖೆಗೆ ಮುಟ್ಟಿಸಿ.