ಕಾಗೋಡು ಸತ್ಯಾಗ್ರಹ: ಕೊಳಗ, ಗೇಣಿ ಮತ್ತು ಕೆಲವು ದಿನಾಂಕಗಳು

1. ಆಗಿನ ಮೈಸೂರು ರಾಜ್ಯದ ಸಾಗರ ತಾಲೂಕಿನ ಕಾಗೋಡಿನಲ್ಲಿ 1951ರ ಏಪ್ರಿಲ್ 18ರಂದು ಆರಂಭವಾದ ಗೇಣಿದಾರರ ಸತ್ಯಾಗ್ರಹವನ್ನು 'ಉಳುವವನೇ ಹೊಲದೊಡೆಯ' ಎಂಬ ಘೋಷಣೆಯ ಮೂಲಕವೇ ನೆನೆಯುವುದು ರೂಢಿ. ಆರಂಭದ ಘಟ್ಟಕ್ಕೆ ಈ ಸಮೀಕರಣ ಪೂರ್ತಿ ಹೊಂದುವುದಿಲ್ಲ. ಈ ಟಿಪ್ಪಣಿಯ ವಾದ ಅಷ್ಟಕ್ಕೇ ಸೀಮಿತ.

2. ಮೂಲ ತಕರಾರು ಅಳತೆಯದು. ಕೊಳಗ ತೂಕದ ಮಾನವಲ್ಲ, ಧಾನ್ಯ ಅಳೆಯುವ ಪಾತ್ರೆ. ಪಾತ್ರೆ ಹಿಗ್ಗಿದರೆ ಕರಾರಿನ ಅಂಕಿ ಬದಲಾಗದೆಯೇ ಗೇಣಿ ಏರುತ್ತದೆ. ಲೆಕ್ಕಕ್ಕಾಗಿ ಮಾತ್ರ ಹೇಳುವುದಾದರೆ, ಪಾತ್ರೆ ಎಂಟರಲ್ಲೊಂದು ಪಾಲು ದೊಡ್ಡದಾದಾಗ 100 ಕೊಳಗ ಭತ್ತ ವಾಸ್ತವದಲ್ಲಿ 112.5 ಕೊಳಗ, ಕಡತದಲ್ಲಿ ಮಾತ್ರ 100. ಜಮೀನಿನ ಒಡೆಯರು ದೊಡ್ಡ ಕೊಳಗದಲ್ಲಿ ಗೇಣಿ ಅಳೆಯುತ್ತಾರೆ ಎಂಬುದೇ ಗೇಣಿದಾರರ, ಅಂದರೆ ಬಹುಪಾಲು ದೀವರ ಸಮುದಾಯದವರ, ದೂರು. ಎಚ್. ಗಣಪತಿಯಪ್ಪನವರು ಅವರನ್ನು ಸಂಘಟಿಸಿದರು. ಉಳುಮೆಗೆ ತಡೆ ಬಂದಾಗ ತಂಡತಂಡವಾಗಿ ನೇಗಿಲು ಹಿಡಿದು ಗದ್ದೆಗಿಳಿದು ಬಂಧನಕ್ಕೊಳಗಾಗುವುದು ಸತ್ಯಾಗ್ರಹದ ಕ್ರಮವಾಯಿತು. ಇದನ್ನು ಒಡೆತನಕ್ಕಿಂತ ನ್ಯಾಯವಾದ ಅಳತೆ ಮತ್ತು ಸಾಗುವಳಿಯ ಭದ್ರತೆಗಾಗಿ ನಡೆದ ಹೋರಾಟವೆಂದು ಓದುವುದು ಹೆಚ್ಚು ಸೂಕ್ತವೆನಿಸುತ್ತದೆ.

3. ಸಮಾಜವಾದಿಗಳ ಪ್ರವೇಶದಿಂದ ಚಳವಳಿಯ ಭಾಷೆ ವಿಸ್ತರಿಸಿತು. ರಾಮಮನೋಹರ ಲೋಹಿಯಾ 1951ರ ಜೂನ್‌ನಲ್ಲಿ ಬಂದು ಬಂಧಿತರಾದರು. ಶಾಂತವೇರಿ ಗೋಪಾಲಗೌಡರು 1952ರಲ್ಲಿ ಶಾಸಕರಾದರು. ಒಡೆತನದ ಪ್ರಶ್ನೆ ಮುನ್ನೆಲೆಗೆ ಬಂದದ್ದು ಬಹುಶಃ ಈ ಹಂತದಲ್ಲಿ.

4. ಈ ಹೋರಾಟದೊಂದಿಗೆ ಜೋಡಿಸಿ ಕರ್ನಾಟಕ ಭೂಸುಧಾರಣಾ ಕಾಯ್ದೆಯ ವರ್ಷಗಳನ್ನು ಉಲ್ಲೇಖಿಸುವಾಗ ಎಚ್ಚರ ಬೇಕು. ಶೀರ್ಷಿಕೆಯಲ್ಲಿರುವುದು 1961, ಕ್ರಮಸಂಖ್ಯೆ 1962ರ 10, ಜಾರಿಯಾದದ್ದು 1965ರ ಅಕ್ಟೋಬರ್ 2ರಂದು. ದೇವರಾಜ ಅರಸು ಅವರ ಕಾಲದ ತಿದ್ದುಪಡಿ 1974ರ ಮಾರ್ಚ್ 1ರಿಂದ ಅನ್ವಯ. ಇವೆಲ್ಲವನ್ನೂ ಒಂದೇ ಘಟನೆಯಂತೆ ಬರೆದರೆ ಕಾಗೋಡಿನಿಂದ ಕಾನೂನಿಗಿರುವ ಅಂತರ ಹತ್ತು ವರ್ಷವೋ ಇಪ್ಪತ್ಮೂರೋ ತಿಳಿಯದು. ನೇರ ಕಾರ್ಯಕಾರಣ ಸಂಬಂಧ ಹೇಳುವವರಿಗೆ ಇದು ಸಣ್ಣ ವ್ಯತ್ಯಾಸವಲ್ಲ.

5. ತಿದ್ದುಪಡಿಯಾದ 44ನೇ ಕಲಮಿನಂತೆ, 1974ರ ಮಾರ್ಚ್ 1ಕ್ಕೆ ನಿಕಟಪೂರ್ವದಲ್ಲಿ ಗೇಣಿದಾರರ ಸ್ವಾಧೀನದಲ್ಲಿದ್ದ ಭೂಮಿ ಮೊದಲು ಸರ್ಕಾರಕ್ಕೆ ಸೇರಿತು. ಬಳಿಕ ಗೇಣಿದಾರ 7ನೇ ನಮೂನೆಯ ಅರ್ಜಿ ಸಲ್ಲಿಸಿ, ಭೂನ್ಯಾಯಮಂಡಳಿಯ ಮುಂದೆ ಅಧಿಭೋಗದಾರನಾಗಿ ನೋಂದಾಯಿತನಾಗಬೇಕಿತ್ತು. ಒಕ್ಕಲೆಬ್ಬಿಸುವ ಡಿಕ್ರಿ ಆಗಿದ್ದರೂ ಭೂಮಿಯಲ್ಲೇ ಉಳಿದಿದ್ದವರನ್ನು ಕಲಮು ಸ್ಪಷ್ಟವಾಗಿ ಒಳಗೊಂಡಿತ್ತು. ಅದಕ್ಕೆ ಬಹು ಹಿಂದೆಯೇ, 1951ರಂಥ ವರ್ಷಗಳಲ್ಲಿ, ಗದ್ದೆ ಬಿಟ್ಟು ಹೋಗಬೇಕಾದವರು ಅದೇ ಮಾತಿನ ವ್ಯಾಪ್ತಿಗೆ ಸಹಜವಾಗಿ ಬರುವುದಿಲ್ಲ.